ಒಂದೇ ಪಕ್ಕದ ಬೀದಿ: ಬೆಂಗಳೂರಿನ ಎಂ.ಜಿ. ರಸ್ತೆ

ಬೆಂಗಳೂರಿಗೆ ಬಂದವರು ಮಹಾತ್ಮ ಗಾಂಧಿ ರಸ್ತೆಯನ್ನು ನೋಡದೆ ಊರಿಗೆ ಹಿಂದಿರುಗುವುದು ಅಪರೂಪ. ಆದರೆ ನೋಡಿದವರಲ್ಲಿ ಎಷ್ಟು ಮಂದಿ ಅಲ್ಲಿನ ಒಂದು ವಿಶೇಷವನ್ನು ಗಮನಿಸಿದ್ದಾರೆ? ಅನಿಲ್ ಕುಂಬ್ಳೆ ವೃತ್ತದಿಂದ ಬ್ರಿಗೇಡ್ ರಸ್ತೆಯ ತಿರುವಿನವರೆಗೆ ಅಂಗಡಿಗಳೆಲ್ಲ ದಕ್ಷಿಣದ ಪಕ್ಕದಲ್ಲೇ ಸಾಲುಗಟ್ಟಿ ನಿಂತಿವೆ. ಉತ್ತರದ ಪಕ್ಕದಲ್ಲಿ ಮೆಟ್ರೋ ಸೇತುವೆ, ಅದರಾಚೆ ಬಯಲು. ಪೇಟೆಬೀದಿ ಎಂದ ಮೇಲೆ ಎರಡು ಕಡೆಯೂ ಅಂಗಡಿಗಳಿರಬೇಕಲ್ಲವೇ? ಇಲ್ಲೇಕೆ ಹೀಗೆ? ಈ ಪ್ರಶ್ನೆಗೆ ಉತ್ತರ ಹುಡುಕುತ್ತ ಹೋದರೆ ಬೆಂಗಳೂರಿನ ಇನ್ನೂರು ವರ್ಷಗಳ ಚರಿತ್ರೆ ಕಣ್ಣ ಮುಂದೆ ಬಿಚ್ಚಿಕೊಳ್ಳುತ್ತದೆ.

1799ರಲ್ಲಿ ಟಿಪ್ಪು ಸುಲ್ತಾನನ ಪತನದ ನಂತರ ಬ್ರಿಟಿಷ್ ಸೈನ್ಯ ಶ್ರೀರಂಗಪಟ್ಟಣದಲ್ಲಿ ಬೀಡುಬಿಟ್ಟಿತು. ಕಾವೇರಿ ತೀರದ ಆ ಊರಿನಲ್ಲಿ ಸೈನಿಕರು ಜ್ವರದಿಂದ ನರಳಿದರು. ಒಳ್ಳೆಯ ಹವೆಯನ್ನು ಅರಸಿ 1809ರಲ್ಲಿ ದಂಡು ಬೆಂಗಳೂರಿಗೆ ಬಂದಿತು. ಇದರ ಹಿಂದೆ ಒಂದು ಸರಳ ವಿಜ್ಞಾನವಿದೆ. ಸಾವಿರ ಮೀಟರ್ ಎತ್ತರಕ್ಕೆ ಏರಿದರೆ ಉಷ್ಣಾಂಶ ಸರಾಸರಿ 6.5 ಡಿಗ್ರಿ ಸೆಲ್ಸಿಯಸ್‌ನಷ್ಟು ಇಳಿಯುತ್ತದೆ. ಬೆಂಗಳೂರು ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಎತ್ತರದಲ್ಲಿದೆ. ಎಷ್ಟು ಡಿಗ್ರಿ ತಂಪು ಎಂಬ ಲೆಕ್ಕವನ್ನು ವಿದ್ಯಾರ್ಥಿಗಳೇ ಮಾಡಿಕೊಳ್ಳಲಿ.

ಕೆಂಪೇಗೌಡರ ಪೇಟೆಗೂ ಹಲಸೂರು ಗ್ರಾಮಕ್ಕೂ ನಡುವಿನ ಭೂಮಿಯಲ್ಲಿ ದಂಡುಪ್ರದೇಶ ಬೆಳೆಯಿತು. ಸೈನಿಕರ ಕವಾಯತಿಗೆ ದೊಡ್ಡ ಬಯಲು ಬೇಕಷ್ಟೆ. ಆ ಬಯಲಿನ ದಕ್ಷಿಣದ ಅಂಚಿನಲ್ಲಿ ಹಾದುಹೋದ ದಾರಿಯೇ ‘ಸೌತ್ ಪರೇಡ್’. ಬಯಲಿನಲ್ಲಿ ಕಟ್ಟಡ ಕಟ್ಟುವಂತಿರಲಿಲ್ಲ, ಆದ್ದರಿಂದ ಅಂಗಡಿಗಳು ಎದುರು ಪಕ್ಕದಲ್ಲಿ ಮಾತ್ರ ಎದ್ದವು. ಸುತ್ತಲಿನ ಹೆಸರುಗಳೂ ಇದೇ ಕಥೆಯನ್ನು ಹೇಳುತ್ತವೆ. ಬ್ರಿಗೇಡ್ ರಸ್ತೆ, ಇನ್‌ಫೆಂಟ್ರಿ ರಸ್ತೆ ಇಂದಿಗೂ ಇವೆ. ಕಾಮರಾಜ ರಸ್ತೆಗೆ ಹಿಂದೆ ಕ್ಯಾವಲ್ರಿ ರಸ್ತೆ, ಅಂದರೆ ಅಶ್ವದಳದ ರಸ್ತೆ, ಎಂಬ ಹೆಸರಿತ್ತು.

ಆಗ ಬೆಂಗಳೂರು ಎರಡು ಊರಾಗಿತ್ತು. ಪಶ್ಚಿಮಕ್ಕೆ ಮೈಸೂರು ಮಹಾರಾಜರ ಆಡಳಿತದ ನಗರ, ಪೂರ್ವಕ್ಕೆ ಬ್ರಿಟಿಷರ ಆಡಳಿತದ ದಂಡು. ಎರಡಕ್ಕೂ ಬೇರೆ ಬೇರೆ ಪುರಸಭೆಗಳು, ಬೇರೆ ಬೇರೆ ಮಾರುಕಟ್ಟೆಗಳು. ನಡುವೆ ಕಬ್ಬನ್ ಉದ್ಯಾನ. ಅದರ ಮೂಲೆಯಲ್ಲಿ 1906ರಲ್ಲಿ ಸ್ಥಾಪನೆಯಾದ ವಿಕ್ಟೋರಿಯಾ ರಾಣಿಯ ಪ್ರತಿಮೆ ಆ ಗಡಿಯನ್ನು ಇಂದಿಗೂ ನೆನಪಿಸುತ್ತದೆ. ರೈಲು ಕೂಡ ಮೊದಲು ಬಂದದ್ದು ದಂಡಿಗೇ. 1864ರಲ್ಲಿ ಜೋಲಾರಪೇಟೆಯಿಂದ ಕಂಟೋನ್ಮೆಂಟ್ ನಿಲ್ದಾಣಕ್ಕೆ ಹಳಿ ಹಾಕಲಾಯಿತು. ಮದರಾಸಿನಿಂದ ಸೈನಿಕರೂ ಸರಕೂ ಬರಲು ಅನುಕೂಲವಾಯಿತು. ಪೇಟೆಯ ಜನ ರೈಲು ಹತ್ತಬೇಕಾದರೆ ದಂಡಿಗೇ ಬರಬೇಕಾಗಿತ್ತು.

ಸ್ವಾತಂತ್ರ್ಯದೊಡನೆ ಚಿತ್ರ ಬದಲಾಯಿತು. 1947ರಲ್ಲಿ ದಂಡುಪ್ರದೇಶ ಮೈಸೂರು ಸಂಸ್ಥಾನಕ್ಕೆ ಮರಳಿತು. 1948ರಲ್ಲಿ ಸೌತ್ ಪರೇಡ್ ಮಹಾತ್ಮ ಗಾಂಧಿ ರಸ್ತೆಯಾಯಿತು. 1949ರಲ್ಲಿ ಎರಡು ಪುರಸಭೆಗಳೂ ಸೇರಿ ಒಂದೇ ನಗರಪಾಲಿಕೆಯಾದವು. ಸೈನಿಕರ ಬೂಟಿನ ಸದ್ದಿಗೆ ಹುಟ್ಟಿದ ಬೀದಿಗೆ ಬರಿಗಾಲ ಫಕೀರನ ಹೆಸರು! ಆದರೂ ಕಾಗದದ ಮೇಲೆ ಒಂದಾದ ಊರು ಜನರ ಮನಸ್ಸಿನಲ್ಲಿ ಬೇಗನೆ ಒಂದಾಗಲಿಲ್ಲ. ಬಸವನಗುಡಿ, ಮಲ್ಲೇಶ್ವರದ ಹಿರಿಯರು ಬಹುಕಾಲದವರೆಗೂ ಈ ಕಡೆಗೆ ಹೊರಟರೆ ‘ದಂಡಿಗೆ ಹೋಗಿ ಬರುತ್ತೇನೆ’ ಎನ್ನುತ್ತಿದ್ದರು, ಪರಸ್ಥಳಕ್ಕೆ ಹೋಗುವವರಂತೆ.

ಆ ದೂರವನ್ನು ನಿಜವಾಗಿ ಕಡಿಮೆ ಮಾಡಿದ್ದು ಬಸ್ಸು ಮತ್ತು ಮೆಟ್ರೋ. 2011ರ ಅಕ್ಟೋಬರ್ 20ರಂದು ನಮ್ಮ ಮೆಟ್ರೋದ ಮೊದಲ ರೈಲು ಓಡಿದ್ದು ಬೈಯಪ್ಪನಹಳ್ಳಿಯಿಂದ ಎಂ.ಜಿ. ರಸ್ತೆಗೆ. ಈ ಮಾರ್ಗದಲ್ಲಿ ತಲೆಯ ಮೇಲೆ ವಿದ್ಯುತ್ ತಂತಿಗಳಿಲ್ಲ. ಹಳಿಯ ಪಕ್ಕದ ಮೂರನೆಯ ಹಳಿಯಲ್ಲಿ 750 ವೋಲ್ಟ್ ನೇರ ವಿದ್ಯುತ್ ಹರಿಯುತ್ತದೆ. ವೋಲ್ಟೇಜು ಕಡಿಮೆಯಾದಾಗ ಅಷ್ಟೇ ಸಾಮರ್ಥ್ಯಕ್ಕೆ ಹೆಚ್ಚು ವಿದ್ಯುತ್ ಪ್ರವಾಹ ಬೇಕು. ಅದಕ್ಕೇ ಸಣ್ಣ ತಂತಿಯ ಬದಲು ದಪ್ಪನೆಯ ಹಳಿ. ಎಂ.ಜಿ. ರಸ್ತೆ ನಿಲ್ದಾಣ ದಾಟಿದ ರೈಲು ಮೆಲ್ಲನೆ ಇಳಿದು ನೆಲದೊಳಗೆ ಹೊಕ್ಕು ಕಬ್ಬನ್ ಪಾರ್ಕ್, ವಿಧಾನಸೌಧಗಳ ಅಡಿಯಲ್ಲಿ ಸಾಗುತ್ತದೆ. ಮೇಲೆ ತಂತಿಗಳಿಲ್ಲದ ಕಾರಣ ಸುರಂಗದ ಎತ್ತರವೂ ಕಡಿಮೆ ಸಾಕು. 2016ರಲ್ಲಿ ಈ ಸುರಂಗ ತೆರೆದಾಗ ದಂಡಿನಿಂದ ಮೆಜೆಸ್ಟಿಕ್‌ಗೆ ನೇರ ದಾರಿಯಾಯಿತು. 2023ರ ಅಕ್ಟೋಬರ್‌ನಿಂದ ಚಲ್ಲಘಟ್ಟದಿಂದ ವೈಟ್‌ಫೀಲ್ಡ್‌ವರೆಗೆ 43.49 ಕಿ.ಮೀ. ನೇರಳೆ ಮಾರ್ಗ ಪೂರ್ತಿಯಾಗಿ ಓಡುತ್ತಿದೆ. ಒಂದು ಕಾಲದ ಗಡಿಯನ್ನು ರೈಲು ಈಗ ಕೆಲವೇ ನಿಮಿಷಗಳಲ್ಲಿ ದಾಟುತ್ತದೆ. ಒಳಗೆ ಕುಳಿತ ವಿದ್ಯಾರ್ಥಿಗೆ ಅದು ತಿಳಿಯುವುದೂ ಇಲ್ಲ.

ಇದಕ್ಕೆ ಬೀದಿ ತೆತ್ತ ಬೆಲೆಯೇನು ಕಡಿಮೆಯೇ? ಮೆಟ್ರೋ ಕಂಬಗಳು ಬಂದದ್ದು ಇದೇ ಉತ್ತರ ಪಕ್ಕದಲ್ಲಿ. ಅಲ್ಲಿ ನೆರಳು ನೀಡುತ್ತಿದ್ದ ಮರಗಳು, ಕಾಗದದ ಹೂವಿನ ಬಳ್ಳಿ ಹಬ್ಬಿದ ಕಾಲುದಾರಿ ಹೋದವು. 1936ರ ಪ್ಲಾಜಾ ಚಿತ್ರಮಂದಿರ ಇಂದಿಲ್ಲ. ಇಂಡಿಯಾ ಕಾಫಿ ಹೌಸ್ 2009ರಲ್ಲಿ ಪಕ್ಕದ ಚರ್ಚ್ ಸ್ಟ್ರೀಟ್‌ಗೆ ಸ್ಥಳಾಂತರವಾಯಿತು. 2013ರಲ್ಲಿ ಸೇತುವೆಯಡಿಯ ಜಾಗದಲ್ಲಿ ರಂಗೋಲಿ ಕಲಾಕೇಂದ್ರ ತಲೆಯೆತ್ತಿದ್ದು ಒಂದಿಷ್ಟು ಸಮಾಧಾನ. ವಾಹನವೊಂದರಲ್ಲಿ ಒಬ್ಬರೇ ಹೋಗುವ ಬದಲು ನೂರಾರು ಜನ ಒಟ್ಟಿಗೆ ಹೋಗುವುದು ಹೊಗೆಯನ್ನೂ ಇಂಧನವನ್ನೂ ಉಳಿಸುತ್ತದೆಂಬುದು ನಿಜ. ಮರ ಬೆಳೆಯಲು ದಶಕಗಳು ಬೇಕೆಂಬುದೂ ಅಷ್ಟೇ ನಿಜ. ಈ ಎರಡು ಸತ್ಯಗಳನ್ನೂ ತೂಗಿ ನೋಡುವುದು ಮುಂದೆ ನಗರಗಳನ್ನು ಕಟ್ಟಬೇಕಾದ ಮಕ್ಕಳಿಗೆ ಬೇಕಾದ ಪಾಠ.

ಆದ್ದರಿಂದ ಪೋಷಕರಲ್ಲಿ ಒಂದು ವಿನಂತಿ. ರಜೆಯಲ್ಲಿ ಮಕ್ಕಳನ್ನು ಎಂ.ಜಿ. ರಸ್ತೆಗೆ ಕರೆದುಕೊಂಡು ಹೋದಾಗ ಅಂಗಡಿ, ಹೋಟೆಲುಗಳಿಗಷ್ಟೇ ಭೇಟಿ ಸಾಲದು. ಬೆಳಗಿನ ಹೊತ್ತು ಕುಂಬ್ಳೆ ವೃತ್ತದಿಂದ ಟ್ರಿನಿಟಿ ವೃತ್ತದವರೆಗೆ ನಡೆಯಿರಿ. ಬೀದಿಗಳ ನಾಮಫಲಕಗಳನ್ನು ಮಕ್ಕಳಿಂದಲೇ ಓದಿಸಿ. ಎಲ್ಲಿ ನೆರಳಿದೆ, ಎಲ್ಲಿಲ್ಲ ಎಂದು ಗುರುತು ಹಾಕಿಸಿ. ನಡೆಯುವವರಿಗೆ ಎಷ್ಟು ಜಾಗ ಬಿಟ್ಟಿದ್ದಾರೆ ಎಂಬುದನ್ನು ಹೆಜ್ಜೆಗಳಲ್ಲಿ ಅಳೆಯಿಸಿ. ಬೀದಿಯೂ ಒಂದು ಪಠ್ಯಪುಸ್ತಕವೇ, ಓದುವ ಅಭ್ಯಾಸ ಬೇಕು ಅಷ್ಟೆ.