ಜೇಜುರಿಯ ಗುಡ್ಡವೂ ಹೋಳದ ಕುರುಬನೂ

ಪುಣೆಯಲ್ಲಿ ನೆಲೆಸಿರುವ ಕನ್ನಡಿಗರಲ್ಲಿ ಜೇಜುರಿಯ ಹೆಸರು ಕೇಳದವರು ವಿರಳ. ಹೋಗಿ ನೋಡಿದವರು ಅಷ್ಟು ಮಂದಿ ಇರಲಾರರು. ಊರಿಗೆ ಹೋಗುವಾಗ ಮೀರಜದ ಗಾಡಿಯ ಕಿಟಕಿಯಿಂದಲೇ ಗುಡ್ಡದ ದಿಕ್ಕಿಗೆ ಕೈಮುಗಿದು ಮುಂದೆ ಸಾಗುವುದು ನಮ್ಮಲ್ಲಿ ರೂಢಿ. ಈ ಸಲ ದೀಪಾವಳಿ ಕಳೆದ ಮೇಲೆ ಕಚೇರಿಗೆ ಎರಡು ದಿನ ರಜೆ ಕೂಡಿಬಂದುದರಿಂದ, ತಾಯಿಯವರನ್ನೂ ಮಕ್ಕಳನ್ನೂ ಕರೆದುಕೊಂಡು ನಾವು ಬೆಳಿಗ್ಗೆ ಬಸ್ಸು ಹಿಡಿದೆವು. ಹಡಪಸರ ದಾಟಿ, ದಿವೆ ಘಾಟನ್ನು ಹತ್ತಿ, ಸಾಸವಡದ ಮೇಲಿಂದ ಸುಮಾರು 50 ಕಿಲೋಮೀಟರಿನ ಹಾದಿ. ಘಾಟು ಹತ್ತಿದ ಮೇಲೆ ಗಾಳಿಯೇ ಬೇರೆ; ನೆಲವೂ ಬೇರೆ. ಕುರುಚಲು ಬೆಟ್ಟ, ಜೋಳದ ಹೊಲ, ಅಲ್ಲಲ್ಲಿ ಕುರಿಹಿಂಡು. ನಮ್ಮ ಬಯಲುಸೀಮೆಯನ್ನು ನೆನಪಿಗೆ ತರುವ ನೋಟ.

ಜೇಜುರಿಯಲ್ಲಿ ಇಳಿಯುತ್ತಲೇ ಕಣ್ಣಿಗೆ ಬೀಳುವುದು ಅರಿಸಿನ. ಮೆಟ್ಟಿಲು, ಕಂಬ, ನಾಯಿ, ಮನುಷ್ಯ, ಎಲ್ಲವೂ ಹಳದಿ. 'ಭಂಡಾರ'ವೆಂದು ಇದನ್ನು ಕರೆಯುತ್ತಾರೆ. ಹಿಡಿಹಿಡಿಯಾಗಿ ಮೇಲಕ್ಕೆ ತೂರಿ ಜನ 'ಯೇಳಕೋಟ ಯೇಳಕೋಟ ಜಯ ಮಲ್ಹಾರ' ಎಂದು ಕೂಗಿದಾಗ ನಮ್ಮ ತಾಯಿಯವರು ಮೆಟ್ಟಿಲ ಮೇಲೆಯೇ ನಿಂತುಬಿಟ್ಟರು. ಅವರ ತವರು ರಾಣೆಬೆನ್ನೂರಿನ ಕಡೆ. ದೇವರಗುಡ್ಡದ ಜಾತ್ರೆ ಕಂಡು ಬೆಳೆದವರು. "ಏಳುಕೋಟಿಗೋ ಅಂತ ನಮ್ಮ ಗೊರವಯ್ಯಗಳು ಕೂಗೂದು ಇದನ್ನ ಅಲ್ಲೇನೋ! ಇಂವ ನಮ್ಮ ಮೈಲಾರಲಿಂಗಪ್ಪನ ಹೌದು" ಎಂದರು. ವಿದ್ವಾಂಸರು ಗ್ರಂಥ ಬರೆದು ಸಾಧಿಸಿರುವುದೂ ಇದನ್ನೇ. ಹಡಗಲಿ ತಾಲೂಕಿನ ಮೈಲಾರ, ದೇವರಗುಡ್ಡ, ಬೀದರದ ಬಳಿಯ ಆದಿಮೈಲಾರ, ಅಥಣಿ ಸೀಮೆಯ ಮಂಗಸೂಳಿ, ಈ ಜೇಜುರಿ, ಎಲ್ಲವೂ ಒಂದೇ ದೇವರ ಒಕ್ಕಲು. ಅಲ್ಲಿ ಗೊರವರು, ಇಲ್ಲಿ ವಾಘ್ಯಾಗಳು. ಅಲ್ಲಿ ಗಂಗಿಮಾಳವ್ವ ಮತ್ತು ಕುರುಬತ್ಯವ್ವ. ಇಲ್ಲಿ ಮ್ಹಾಳಸಾ ಮತ್ತು ಬಾಣಾಯಿ. ಹಿರಿಯ ಹೆಂಡತಿ ವರ್ತಕರ ಮನೆಯ ಮಗಳು, ಗುಡಿಯೊಳಗೆ ಗಂಡನ ಪಕ್ಕದಲ್ಲಿದ್ದಾಳೆ. ಕಿರಿಯಳು ಧನಗರರ, ಅಂದರೆ ಕುರುಬರ ಹುಡುಗಿ. ಅವಳ ಗುಡಿ ಮೆಟ್ಟಿಲ ಹಾದಿಯ ನಡುವೆ. ಸವತಿಯರನ್ನು ಒಂದೇ ಮನೆಯಲ್ಲಿ ಇಡುವುದು ದೇವರಿಗೂ ಸಾಧ್ಯವಾಗಲಿಲ್ಲವೆಂದು ಕಾಣುತ್ತದೆ.

ಮೇಲಿನ ಗಡಕೋಟದ ದೀಪಮಾಲೆಗಳು, ಅಂಗಳದ ಹಿತ್ತಾಳೆಯ ಆಮೆ, ದಸರೆಯಲ್ಲಿ ಎತ್ತುವ ಸುಮಾರು 42 ಕಿಲೋ ತೂಕದ ಖಡ್ಗ, ಇವುಗಳ ವರ್ಣನೆಯನ್ನು ಅನೇಕರು ಮಾಡಿದ್ದಾರೆ. ನಾವು ವಾಚಕರ ಗಮನವನ್ನು ಸೆಳೆಯಬಯಸುವುದು ಗುಡ್ಡದ ಕೆಳಗೆ, ಯಾತ್ರಿಕರು ಅಷ್ಟಾಗಿ ಹೋಗದ ಒಂದು ತಾಣಕ್ಕೆ. ಅಲ್ಲಿ ಹೋಳ್ಕರರ ಕೆರೆ ಇದೆ. ಕೆರೆಯ ಬಳಿ ಒಂದು ಶಿವಾಲಯ. ಲಿಂಗದ ಹಿಂದೆ ಮಲ್ಹಾರರಾವ್ ಹೋಳ್ಕರ ಮತ್ತು ಅವರ ಪತ್ನಿಯರ ಅಮೃತಶಿಲೆಯ ಪ್ರತಿಮೆಗಳು. ದೇವರ ಬೆನ್ನ ಹಿಂದೆ ಒಬ್ಬ ಕುರುಬ ನಿಂತಿರುವುದನ್ನು ನಾವು ಬೇರೆಲ್ಲಿಯೂ ಕಂಡಿಲ್ಲ.

ಇವರು ಹುಟ್ಟಿದ್ದು 1693ರಲ್ಲಿ, ನೀರಾ ನದಿಯ ದಂಡೆಯ ಹೋಳ ಎಂಬ ಹಳ್ಳಿಯಲ್ಲಿ. ಹೋಳ್ಕರರೆಂಬ ಹೆಸರು ಬಂದದ್ದೂ ಅದರಿಂದಲೇ. ಮೂರು ವರುಷಕ್ಕೆ ತಂದೆ ತೀರಿಕೊಂಡರು. ತಾಯಿ ಮಗುವನ್ನು ಎತ್ತಿಕೊಂಡು ಖಾನದೇಶದ ತಳೋದೆಯಲ್ಲಿದ್ದ ತಮ್ಮ ಅಣ್ಣನ ಮನೆ ಸೇರಿದರು. ಹುಡುಗ ಸೋದರಮಾವನ ಕುರಿ ಕಾಯ್ದ. ಅವನು ಮಲಗಿದ್ದಾಗ ನಾಗರಹಾವು ಹೆಡೆಯೆತ್ತಿ ನೆರಳು ಕೊಟ್ಟಿತೆಂಬ ಕಥೆಯನ್ನು ಇಲ್ಲಿಯೂ ಹೇಳುತ್ತಾರೆ. ದೊಡ್ಡವರಾದ ಬಡವರಿಗೆಲ್ಲ ನಮ್ಮ ದೇಶದಲ್ಲಿ ಈ ಹಾವು ಒಂದು ಸಲ ಬಂದೇ ಬರುತ್ತದೆ! ಹಾವಿಗಿಂತ ಉಪಕಾರ ಮಾಡಿದವನು ಮಾವ. ಅವನು ಕದಂಬಾಂಡೆ ಎಂಬ ಸರದಾರರ ಕೈಕೆಳಗೆ ಕುದುರೆ ಸವಾರರನ್ನು ಇಟ್ಟಿದ್ದ. ಅಳಿಯನಿಗೆ ಕುದುರೆಯನ್ನೂ ಕೊಟ್ಟ, ಮಗಳು ಗೌತಮಾಬಾಯಿಯನ್ನೂ ಕೊಟ್ಟ.

ಮುಂದಿನದು ದಂಡಿನ ಕಥೆಯಷ್ಟೇ ಅಲ್ಲ, ರಾಜಕಾರಣದ ಕಥೆ. ಮೊದಲನೆಯ ಬಾಜೀರಾವ್ ಪೇಶ್ವೆಯ ಸೇವೆಗೆ ಸೇರಿದ ಮಲ್ಹಾರರಾವ್ 1725ರ ಹೊತ್ತಿಗೆ 500 ಸವಾರರ ನಾಯಕ. ಹತ್ತು ವರುಷ ಕಳೆಯುವುದರೊಳಗೆ ಪಶ್ಚಿಮ ಮಾಳವದ ಒಡೆಯ. ಹುಟ್ಟಿನಿಂದ ಬಂದ ಜಹಗೀರಿ ಇಲ್ಲ, ಬೆನ್ನಿಗೆ ದೊಡ್ಡ ಮನೆತನವಿಲ್ಲ. ಇದ್ದದ್ದು ಮನುಷ್ಯರ ಗುರುತು, ಹೊತ್ತಿನ ಅರಿವು. ಯಾವ ಹೊಲದಲ್ಲಿ ಎಷ್ಟು ದಿನ ಮೇಯಿಸಬೇಕು, ಮಳೆ ಯಾವ ಕಡೆಯಿಂದ ಬರುತ್ತದೆ ಎಂದು ತಿಳಿದವನಿಗೆ ದಿಲ್ಲಿಯ ದರಬಾರು ಹೆಚ್ಚಿನದೇನೂ ಆಗಿರಲಿಕ್ಕಿಲ್ಲ. 1758ರಲ್ಲಿ ಪಂಜಾಬಿನವರೆಗೆ ಹೋದ ಮರಾಠಾ ದಂಡಿನಲ್ಲಿ ಇವರೂ ಇದ್ದರು. ಆದರೆ ನಜೀಬ ಖಾನನನ್ನು ಉಳಿಸಿದವರೂ ಇವರೇ, 1761ರ ಪಾನಿಪತದ ದಿನ ತಮ್ಮ ಸೈನ್ಯದೊಂದಿಗೆ ರಣಾಂಗಣ ಬಿಟ್ಟವರೂ ಇವರೇ. ಇದಕ್ಕಾಗಿ ಮರಾಠಿ ಇತಿಹಾಸಕಾರರಲ್ಲಿ ಕೆಲವರು ಅವರನ್ನು ಇಂದಿಗೂ ಕ್ಷಮಿಸಿಲ್ಲ. ಸೋಲು ಕಣ್ಣೆದುರಿಗಿರುವಾಗ ಹಿಂಡನ್ನು ಉಳಿಸಿಕೊಂಡು ಬಂದ ಕುರುಬನ ಬುದ್ಧಿ ಅದೆಂದು ನಮ್ಮ ಎಣಿಕೆ. ಒಪ್ಪದವರು ಒಪ್ಪದಿರಬಹುದು.

ಅವರ ರಾಜಕಾರಣದಲ್ಲಿ ನಮಗೆ ಎಲ್ಲಕ್ಕಿಂತ ಮೇಲೆನಿಸುವುದು ಸೊಸೆಯ ವಿಷಯ. ಒಬ್ಬನೇ ಮಗ ಖಂಡೇರಾವ್ 1754ರಲ್ಲಿ ಕುಂಭೇರದ ಮುತ್ತಿಗೆಯಲ್ಲಿ ತೋಪಿನ ಗುಂಡಿಗೆ ಸತ್ತ. ಸಹಗಮನಕ್ಕೆ ಹೊರಟ ಸೊಸೆಯನ್ನು ಮಾವ ತಡೆದು ನಿಲ್ಲಿಸಿದರು. ಅಷ್ಟಕ್ಕೇ ಬಿಡದೆ ಲೆಕ್ಕಪತ್ರ, ಕಂದಾಯ, ತೋಪು, ಗುಂಡುಮದ್ದಿನ ವ್ಯವಹಾರವನ್ನೆಲ್ಲ ಅವಳ ಕೈಗೆ ಕಲಿಸಿದರು. 1766ರಲ್ಲಿ ಅವರು ತೀರಿಕೊಂಡರು. ಮರುವರುಷ ಮೊಮ್ಮಗನೂ ಹೋದ. ಆ ಮೇಲೆ 1795ರವರೆಗೆ ಮಹೇಶ್ವರದಲ್ಲಿ ಕುಳಿತು ಆಳಿದವಳೇ ಅಹಿಲ್ಯಾಬಾಯಿ. ಕಾಶಿಯ ವಿಶ್ವನಾಥನಿಗೆ ಗುಡಿ ಕಟ್ಟಿಸಿದ ತಾಯಿಯೆಂದು ನಮ್ಮ ಮನೆಗಳಲ್ಲಿ ಅವಳ ಹೆಸರು ಗೊತ್ತು; ಕುರುಬರ ಸೊಸೆಯೆಂದು ಗೊತ್ತಿರುವುದು ಕಡಿಮೆ.

ಗುಡಿಯಿಂದ ಹೊರಗೆ ಬಂದಾಗ ಕೆರೆಯ ದಂಡೆಯಲ್ಲಿ ಒಂದು ಹಿಂಡು ನೀರು ಕುಡಿಯುತ್ತಿತ್ತು. ಹೆಗಲ ಮೇಲೆ ಕಂಬಳಿ, ತಲೆಗೆ ಕೆಂಪು ರುಮಾಲು. ಎಪ್ಪತ್ತು ದಾಟಿದ ಅಜ್ಜ. ಫಲಟಣದ ಕಡೆಯವರಂತೆ. ಮಳೆ ಮುಗಿದ ಮೇಲೆ ಘಾಟು ಇಳಿದು ಕೊಂಕಣಕ್ಕೆ ಹೋಗುತ್ತಾರೆ. ಅಲ್ಲಿಯ ರೈತರು ಗದ್ದೆಯಲ್ಲಿ ರಾತ್ರಿ ಕುರಿ ನಿಲ್ಲಿಸಿಕೊಂಡು ಗೊಬ್ಬರಕ್ಕಾಗಿ ಧಾನ್ಯ ಅಳೆದು ಕೊಡುತ್ತಾರೆ. ಮುಂದಿನ ಮಳೆಗೆ ಮುಂಚೆ ಹಿಂದಿರುಗುತ್ತಾರೆ. ತಾಯಿಯವರಿಗೆ ಮರಾಠಿ ಬಾರದು, ಅಜ್ಜನಿಗೆ ಕನ್ನಡ ಬಾರದು. ಇವರು "ಏಳುಕೋಟಿ" ಎಂದರು. ಅವರು "ಯೇಳಕೋಟ" ಎಂದರು. ಭಂಡಾರದ ವಿನಿಮಯವಾಯಿತು. ನಾವು ಸರಕಾರಿ ಕಚೇರಿಯಲ್ಲಿದ್ದೇವೆಂದು ತಿಳಿದ ಮೇಲೆ ಅಜ್ಜ ನಮ್ಮನ್ನು ಪಕ್ಕಕ್ಕೆ ಕರೆದು ಕೇಳಿದರು: "ಸಾಹೇಬ, ಮೊಮ್ಮಗಳು ಹತ್ತನೇ ಇಯತ್ತೆಯಲ್ಲಿದ್ದಾಳೆ. ಆ ಇನ್ನೊಂದು ದಾಖಲೆ ನಮಗೆ ಯಾವಾಗ ಸಿಗುತ್ತದೆ?"

ಯಾವ ದಾಖಲೆಯೆಂದು ಹೊರನಾಡ ವಾಚಕರಿಗೆ ಹೇಳಬೇಕು. ಮಹಾರಾಷ್ಟ್ರದಲ್ಲಿ ಧನಗರರಿಗೆ ಅಲೆಮಾರಿ ಜಾತಿಯೆಂದು ಶೇಕಡ 3.5 ಮೀಸಲಾತಿ ಇದೆ. ಅವರ ಬೇಡಿಕೆ ಪರಿಶಿಷ್ಟ ಪಂಗಡಕ್ಕೆ ಸೇರಿಸಬೇಕೆಂಬುದು. ಆ ಪಟ್ಟಿಯಲ್ಲಿ 'ಧನಗಡ' ಎಂದಿದೆ, 'ಧನಗರ' ಎಂದಿಲ್ಲ. ಅದು ಬರೆಹದ ದೋಷವೆಂದು ಇವರು ವಾದಿಸಿದರು. 2024ರ ಫೆಬ್ರವರಿಯಲ್ಲಿ ಮುಂಬಯಿ ಉಚ್ಚ ನ್ಯಾಯಾಲಯ ಒಪ್ಪಲಿಲ್ಲ. ಒಂದು 'ಡ', ಒಂದು 'ರ'. ಕಡತಗಳ ನಡುವೆ ಹೊಟ್ಟೆ ಹೊರೆಯುವ ನಮಗೆ ಒಂದಕ್ಷರದ ಭಾರ ಎಷ್ಟೆಂದು ಚೆನ್ನಾಗಿ ಗೊತ್ತು. ನಮ್ಮ ಕಡೆಯೂ ಇದೇ ಪಾಡು. ಕರ್ನಾಟಕದಲ್ಲಿ ಕುರುಬರ ಮನೆಯ ಸಿದ್ಧರಾಮಯ್ಯನವರು 2013ರಲ್ಲಿ ಮುಖ್ಯಮಂತ್ರಿಯಾದರು. ಆದರೂ ಪರಿಶಿಷ್ಟ ಪಂಗಡದಲ್ಲಿ ಸೇರಿಸಿರೆಂದು ಕುರುಬರು 2021ರಲ್ಲಿ ಕಾಗಿನೆಲೆಯಿಂದ ಬೆಂಗಳೂರಿಗೆ ಕಾಲ್ನಡಿಗೆಯಲ್ಲಿ ಹೋಗಬೇಕಾಯಿತು. ಅದೇ ಫೆಬ್ರವರಿಯಲ್ಲಿ ಈ ಜೇಜುರಿಯಲ್ಲಿ ಅಹಿಲ್ಯಾದೇವಿಯ ಪ್ರತಿಮೆಯ ಅನಾವರಣ. ಶರದ್ ಪವಾರರು ಮಾಡಬೇಕೆಂದು ಗೊತ್ತಾಗಿತ್ತು. ಹಿಂದಿನ ದಿನವೇ ವಿರೋಧ ಪಕ್ಷದ ಗೋಪೀಚಂದ ಪಡಳಕರರು ಬಂದು 'ಅನಾವರಣವಾಯಿತು' ಎಂದು ಘೋಷಿಸಿದರು. ಒಂದು ಪ್ರತಿಮೆಗೆ ಎರಡು ಅನಾವರಣ. ಅಜ್ಜನ ಮೊಮ್ಮಗಳಿಗೆ ದಾಖಲೆ ಒಂದೂ ಇಲ್ಲ.

ದೂರದ ಉತ್ತರದ ಒಂದು ಸಂಗತಿ ಇಲ್ಲಿ ನೆನಪಾಗುತ್ತದೆ. ಕೆನಡಾದ ಹಿಮಸೀಮೆಯಲ್ಲಿ ಇನ್ಯುಯಿಟ್ ಎಂಬ ಜನ ಸೀಲ್ ಮತ್ತು ಹಿಮಸಾರಂಗಗಳ ಬೇಟೆಯಿಂದ ಬದುಕಿದವರು. ಬಹುವರುಷಗಳ ಮಾತುಕತೆಯ ಫಲವಾಗಿ 1999ರ ಏಪ್ರಿಲ್ 1ರಂದು ಅವರಿಗಾಗಿ ನುನಾವುಟ್ ಎಂಬ ಪ್ರಾಂತ ಹುಟ್ಟಿತು; ವಿಸ್ತಾರದಲ್ಲಿ ಕೆನಡಾದ ಐದರಲ್ಲೊಂದು ಪಾಲು. ಅದರ ಮೊದಲನೆಯ ಮುಖ್ಯಮಂತ್ರಿ ಪಾಲ್ ಓಕಾಲಿಕ್. ವಯಸ್ಸು 34, ಅದೇ ವರುಷ ವಕೀಲನಾದ ತರುಣ. ಆತನೂ 2008ರಲ್ಲಿ ಸ್ಥಾನ ಬಿಟ್ಟ. ಅವನ ಜಾಗಕ್ಕೆ ಅದೇ ಜನಾಂಗದ ಈವಾ ಆರಿಯಾಕ್ ಎಂಬ ಮಹಿಳೆ ಬಂದರು. ಅಲ್ಲಿ ಮೊದಲು ಜನಕ್ಕೆ ಮನೆ ಸಿಕ್ಕಿತು, ಆಮೇಲೆ ಯಜಮಾನ ಬಂದ. ಇಲ್ಲಿ ಯಜಮಾನ 300 ವರುಷ ಮೊದಲೇ ಬಂದು ಹೋಗಿದ್ದಾನೆ.

ಅಜ್ಜನಿಗೆ ನಾವು ಕೊಡಬಹುದಾದ ಉತ್ತರ ಚಿಕ್ಕದು: ಈಗಿರುವ ಅಲೆಮಾರಿ ಪಟ್ಟಿಯ ಪ್ರಮಾಣಪತ್ರವನ್ನು ತಹಸೀಲು ಕಚೇರಿಯಿಂದ ಮೊದಲು ಮಾಡಿಸಿಡಿ, ಕಾಲೇಜಿಗೆ ಅದೂ ಬೇಕಾಗುತ್ತದೆ. ಬೇಕಾಗುವ ಕಾಗದಗಳನ್ನು ಅವರ ಮಗನ ಮೊಬೈಲಿನಲ್ಲಿ ಮರಾಠಿಯಲ್ಲಿ ಬರೆದುಕೊಟ್ಟೆವು. ಅವರು ಪ್ರತಿಯಾಗಿ ಮಕ್ಕಳ ಕೈಗೆ ಒಂದು ಕುರಿಮರಿಯನ್ನು ಸ್ವಲ್ಪ ಹೊತ್ತು ಕೊಟ್ಟರು, ಬಿಡಿಸಿಕೊಳ್ಳುವುದು ಕಷ್ಟವಾಯಿತು.

ಹೋಗಬಯಸುವವರಿಗೆ ಒಂದೆರಡು ಮಾತು. ಸೋಮವತಿ ಅಮಾವಾಸ್ಯೆಯಂದು ಪಲ್ಲಕ್ಕಿ ಕರ್ಹಾ ನದಿಗೆ ಹೋಗುತ್ತದೆ. ನೋಡುವಂಥದೇ, ಆದರೆ ಮುದುಕರನ್ನೂ ಎಳೆಯರನ್ನೂ ಕರೆದೊಯ್ಯುವ ದಿನವಲ್ಲ. ಹಳೆಯ ಗುಡಿ ಕಡೆಪಠಾರ ಇನ್ನೂ ಎತ್ತರದಲ್ಲಿದೆ. ಮಂಡಿ ಗಟ್ಟಿಯಿದ್ದವರು ಹತ್ತಬಹುದು. ಬಿಳಿ ಬಟ್ಟೆ ಬೇಡ, ಅರಿಸಿನ ಮೂರು ಒಗೆತಕ್ಕೂ ಹೋಗುವುದಿಲ್ಲ. ಹೋಳ್ಕರರ ಕೆರೆಯನ್ನು ಯಾರನ್ನು ಕೇಳಿದರೂ ತೋರಿಸುತ್ತಾರೆ.