ಕಥೆ ಕೇಳುವ ಬಯಲು

ಮೊರಾಕ್ಕೋ ದೇಶದ ಮರಾಕಿಶ್ ನಗರಕ್ಕೆ ಹೋದವರು ಅಲ್ಲಿನ ಅರಮನೆ, ತೋಟಗಳನ್ನು ನೋಡದೆ ಬಂದಾರು. ಆದರೆ ಜೆಮಾ ಅಲ್ ಫನಾ ಚೌಕವನ್ನು ನೋಡದೆ ಬರುವವರು ವಿರಳ. ಚೌಕ ಎಂದು ಕರೆದರೂ ಅದಕ್ಕೆ ಚೌಕಾಕಾರವಿಲ್ಲ. ನಡುವೆ ದೊರೆಯ ಪ್ರತಿಮೆಯಿಲ್ಲ, ಕಾರಂಜಿಯಿಲ್ಲ. ಹಳೆ ಪೇಟೆಯ ಅಂಚಿನಲ್ಲಿರುವ ಒಂದು ಅಂಕುಡೊಂಕಾದ ಬಯಲು, ಅಷ್ಟೆ. ಅದನ್ನು ಚೌಕವಾಗಿಸುವುದು ಜನರು.

ಅಲ್ ಮುರಾಬಿತ್ ಅರಸರು 1070ರ ಸುಮಾರಿಗೆ ಈ ನಗರವನ್ನು ಕಟ್ಟಿದರು. ಚೌಕಕ್ಕೂ ಬಹುತೇಕ ಅಷ್ಟೇ ವಯಸ್ಸು. ಒಂದು ಕಾಲದಲ್ಲಿ ಅಪರಾಧಿಗಳಿಗೆ ಮರಣದಂಡನೆ ವಿಧಿಸುತ್ತಿದ್ದುದೂ ಇಲ್ಲಿಯೇ. ‘ಫನಾ’ ಎಂದರೆ ನಾಶ. ಆದ್ದರಿಂದಲೇ ಈ ಹೆಸರನ್ನು ‘ಮೃತರ ಸಭೆ’ ಎಂದು ಕೆಲವರು ಅರ್ಥೈಸುತ್ತಾರೆ. ಸುಲ್ತಾನ್ ಅಹ್ಮದ್ ಅಲ್ ಮನ್ಸೂರ್ ಇಲ್ಲಿ ಕಟ್ಟಿಸತೊಡಗಿದ ಮಸೀದಿ ಪೂರ್ಣಗೊಳ್ಳದೆ ಪಾಳು ಬಿತ್ತು, ಹೆಸರು ಅದರಿಂದ ಬಂತು ಎನ್ನುವವರೂ ಇದ್ದಾರೆ. ಸಮೀಪದಲ್ಲೇ 12ನೇ ಶತಮಾನದ ಕುತುಬಿಯ್ಯಾ ಮಸೀದಿಯ 77 ಮೀಟರ್ ಎತ್ತರದ ಮಿನಾರ ನಿಂತಿದೆ. ಪುಸ್ತಕ ಮಾರುವವರ ಅಂಗಡಿಗಳು ಹತ್ತಿರದಲ್ಲಿದ್ದುದರಿಂದ ಮಸೀದಿಗೆ ಆ ಹೆಸರು!

ಹಗಲಲ್ಲಿ ಕಿತ್ತಳೆ ರಸದ ಗಾಡಿಗಳು, ಹಿತ್ತಾಳೆ ಬಟ್ಟಲು ತೂಗಿಸಿಕೊಂಡ ನೀರು ಮಾರುವವರು. ಮಗ್ರಿಬ್ ಹೊತ್ತಿಗೆ ಸಾಲು ಸಾಲು ಒಲೆಗಳು ಉರಿಯತೊಡಗುತ್ತವೆ. ಹರೀರಾ ಸೂಪು, ಕುರಿತಲೆ, ಬಸವನಹುಳುವಿನ ಸಾರು - ಹೊಗೆ ಬಯಲನ್ನೆಲ್ಲ ತುಂಬುತ್ತದೆ. ಹಾವು, ಕೋತಿ ಆಡಿಸುವವರೂ ಇದ್ದಾರೆ. ಬಾರ್ಬರಿ ಕೋತಿ ಅಳಿವಿನಂಚಿನ ಪ್ರಾಣಿ. ಸರಪಳಿ ಕಟ್ಟಿದ ಆ ಮರಿಯ ಜೊತೆ ಫೋಟೋ ತೆಗೆಸಿಕೊಳ್ಳದಿರುವುದೇ ಲೇಸು.

ಕೊಡೆಯ ಕೆಳಗೆ ಕುಳಿತ ಮದರಂಗಿ ಹೆಂಗಸರ ಬಗ್ಗೆ ಸಹೋದರಿಯರಿಗೆ ಒಂದು ಕಿವಿಮಾತು. ನಿಜವಾದ ಮದರಂಗಿ ಕಪ್ಪಾಗಿರುವುದಿಲ್ಲ. ಮೊದಲು ಕಿತ್ತಳೆ ಬಣ್ಣ ಬಂದು, ದಿನ ಕಳೆದಂತೆ ಕಂದಾಗುತ್ತದೆ. ಕ್ಷಣದಲ್ಲಿ ಕಪ್ಪಾಗುವ ‘ಕರಿ ಮದರಂಗಿ’ಯಲ್ಲಿ ಸಾಮಾನ್ಯವಾಗಿ ತಲೆಗೂದಲಿನ ಬಣ್ಣಕ್ಕೆ ಬಳಸುವ ಪಿಪಿಡಿ ಎಂಬ ರಾಸಾಯನಿಕವಿರುತ್ತದೆ. ಅದರಿಂದ ಚರ್ಮ ಗುಳ್ಳೆಯೆದ್ದು ಕಲೆ ಉಳಿಯಬಹುದು, ಅಲರ್ಜಿ ಜೀವನಪೂರ್ತಿ ಕಾಡಬಹುದು. ನಮ್ಮೂರಿನ ಮದುವೆ ಮನೆಗೂ ಈ ಮಾತು ಅನ್ವಯಿಸುತ್ತದೆ.

ಚೌಕದ ನಿಜವಾದ ಸಂಪತ್ತು ಕಥೆಗಾರರು. ಒಬ್ಬ ನಿಂತು ಹೇಳತೊಡಗಿದರೆ ಸುತ್ತ ಜನ ಬಳೆಯಂತೆ ನೆರೆಯುತ್ತಾರೆ. ಇದೇ ‘ಹಲ್ಕಾ’. ಅಂತರನ ಸಾಹಸ, ಅರೇಬಿಯನ್ ರಾತ್ರಿಗಳ ಕಥೆ, ಎಲ್ಲವೂ ಬಾಯಿಪಾಠ. ಕಥೆ ಬಿಗಿಯಾದ ಜಾಗದಲ್ಲಿ ಆತ ನಿಲ್ಲಿಸುತ್ತಾನೆ, ಕಾಸು ಬಿದ್ದ ಮೇಲೆಯೇ ಮುಂದಿನ ಮಾತು. ಅಕ್ಷರ ಬಾರದವರಿಗೂ ಇದೊಂದು ಗ್ರಂಥಾಲಯವಾಗಿತ್ತು.

1990ರ ದಶಕದಲ್ಲಿ ಚೌಕದ ಬಳಿ ಗಾಜಿನ ಕಟ್ಟಡ ಮತ್ತು ನೆಲದಡಿಯ ಕಾರು ನಿಲ್ದಾಣ ಕಟ್ಟುವ ಯೋಜನೆ ಬಂತು. ಅಲ್ಲೇ ನೆಲೆಸಿದ್ದ ಸ್ಪೇನಿನ ಲೇಖಕ ಹುವಾನ್ ಗೊಯ್ತಿಸೋಲೊ ಇದನ್ನು ಬಲವಾಗಿ ವಿರೋಧಿಸಿದರು. ಕಟ್ಟಡವನ್ನು ರಕ್ಷಿಸುವ ಕಾನೂನುಗಳಿದ್ದವು, ಆದರೆ ಬಾಯಿಮಾತನ್ನು ರಕ್ಷಿಸುವುದು ಹೇಗೆ? ಈ ಚರ್ಚೆ ಯುನೆಸ್ಕೋವರೆಗೂ ಹೋಯಿತು. 2001ರಲ್ಲಿ ಮಾನವಕುಲದ ಮೌಖಿಕ ಪರಂಪರೆಯ ಮೇರುಕೃತಿಗಳ ಮೊದಲ ಪಟ್ಟಿ ಪ್ರಕಟವಾದಾಗ ಅದರಲ್ಲಿ ಈ ಚೌಕವೂ ಇತ್ತು.

ಗೌರವ ಸಿಕ್ಕಿತು, ಪ್ರವಾಸಿಗರು ಹೆಚ್ಚಿದರು. ಆದರೆ ಧ್ವನಿವರ್ಧಕದ ಸಂಗೀತದ ನಡುವೆ ಮುದಿ ಕಥೆಗಾರನ ದನಿ ಕೇಳುವುದೆಂತು? ಅರಬಿ ಆಡುಮಾತಿನ ಕಥೆ ವಿದೇಶೀಯರಿಗೆ ಅರ್ಥವಾಗದು. ಕಥೆಗಾರರು ಒಬ್ಬೊಬ್ಬರಾಗಿ ಬಯಲು ಬಿಟ್ಟರು.

ನೋವುಗಳನ್ನೂ ಚೌಕ ಕಂಡಿದೆ. 2011ರ ಏಪ್ರಿಲ್‌ನಲ್ಲಿ ಇಲ್ಲಿನ ಹೋಟೆಲೊಂದರಲ್ಲಿ ನಡೆದ ಬಾಂಬ್ ಸ್ಫೋಟಕ್ಕೆ 17 ಮಂದಿ ಬಲಿಯಾದರು. 2023ರ ಸೆಪ್ಟೆಂಬರ್ 8ರ ರಾತ್ರಿಯ ಭೂಕಂಪದಲ್ಲಿ ಪಕ್ಕದ ಖರ್ಬೂಶ್ ಮಸೀದಿಯ ಮಿನಾರ ಕುಸಿಯಿತು. ಮನೆಗೆ ಮರಳಲು ಹೆದರಿದ ಕುಟುಂಬಗಳು ಮಕ್ಕಳನ್ನು ಕಟ್ಟಿಕೊಂಡು ಇದೇ ಬಯಲಲ್ಲಿ ಕಂಬಳಿ ಹಾಸಿ ಮಲಗಿದವು.

ಈಚಿನ ವರ್ಷಗಳಲ್ಲಿ ಹಿರಿಯ ಕಥೆಗಾರರ ಬಳಿ ಕೆಲವು ಯುವಕ ಯುವತಿಯರು ಕಲಿಯತೊಡಗಿದ್ದಾರೆ. ಅವರು ನಗರದ ಚಹಾದಂಗಡಿಗಳಲ್ಲಿ ಅರಬಿಯಲ್ಲೂ ಇಂಗ್ಲಿಷಿನಲ್ಲೂ ಕಥೆ ಹೇಳುತ್ತಾರೆ. ಗಂಡಸರದ್ದೇ ಆಗಿದ್ದ ಈ ಕಸುಬಿಗೆ ಹೆಣ್ಣುಮಕ್ಕಳೂ ಬಂದಿದ್ದಾರೆ.