ಮಗಳಾಗಿಯೂ ತಾಯಿಯಾಗಿಯೂ ನಟಿಸಿದವಳು

ಪುರಾಣಕಥೆಯನ್ನು ಅಭಿನಯಿಸುವವರಿಗೆ ಕಥೆಯ ಅಂತ್ಯವನ್ನು ಮುಚ್ಚಿಡುವ ಸೌಕರ್ಯವಿಲ್ಲ. ಪ್ರೇಕ್ಷಕರಿಗೆ ಅದು ಮೊದಲೇ ವಿದಿತವಾಗಿರುವುದು. ಯಾರ ದುಃಖವನ್ನು ಸಮೀಪದಿಂದ ಕಾಣಬೇಕೆಂಬುದನ್ನು ಮಾತ್ರ ನಟರು ತೋರಿಸಬಲ್ಲರು. 2022ರಲ್ಲಿ ದಿವಂಗತಳಾದ ಗ್ರೀಸ್ ದೇಶದ ಚಿತ್ರನಟಿ ಐರೀನ್ ಪಪಾಸಳ ಕಲಾಜೀವನವು ಇದಕ್ಕೆ ಉತ್ತಮ ನಿದರ್ಶನವಾಗಿದೆ.

ಸಾಫೋಕ್ಲೀಸನ ‘ಏಜಾಕ್ಸ್’ ನಾಟಕವನ್ನು ಬಿ. ಎಂ. ಶ್ರೀಕಂಠಯ್ಯನವರು 1929ರಲ್ಲಿ ‘ಅಶ್ವತ್ಥಾಮನ್’ ಆಗಿ ಮಾರ್ಪಡಿಸಿದಂದಿನಿಂದ ಗ್ರೀಕರ ರುದ್ರನಾಟಕವು ಕನ್ನಡಿಗರಿಗೆ ಪರಕೀಯವಲ್ಲ. ಆ ಕವಿಯದೇ ‘ಆಂಟಿಗೊನೆ’ಯ ನಾಯಿಕೆಯಾಗಿ ಪಪಾಸಳು 1961ರಲ್ಲಿ ತೆರೆಯ ಮೇಲೆ ಕಾಣಿಸಿಕೊಂಡಳು. ದೊಡ್ಡ ಚಿತ್ರಸಂಸ್ಥೆಗಳ ಚಿತ್ರಗಳಲ್ಲಿಯೂ ಆಕೆಯು ಅಭಿನಯಿಸಿದ್ದುಂಟು. ಆದರೆ ಆಕೆಯ ಪ್ರತಿಭೆಯು ಪೂರ್ಣವಾಗಿ ಪ್ರಕಾಶಿಸಿದುದು ಮೈಕೇಲ್ ಕಕೊಯಾನಿಸನು ಯೂರಿಪಿಡೀಸನ ನಾಟಕಗಳಿಂದ ನಿರ್ಮಿಸಿದ ಮೂರು ಚಿತ್ರಗಳಲ್ಲಿ.

ಮೊದಲನೆಯದು 1962ರ ‘ಎಲೆಕ್ಟ್ರಾ’. ಟ್ರಾಯ್ ಯುದ್ಧದಿಂದ ಹಿಂದಿರುಗಿದ ಆಗಮೆಮ್ನಾನನನ್ನು ಪತ್ನಿ ಕ್ಲೈಟೆಮ್ನೆಸ್ತ್ರೆಯು ಜಾರನೊಡಗೂಡಿ ಕೊಲ್ಲಿಸುತ್ತಾಳೆ. ಮಗಳಾದ ಎಲೆಕ್ಟ್ರೆಯು ಬಡ ರೈತನೊಬ್ಬನ ಗುಡಿಸಲು ಸೇರುತ್ತಾಳೆ. ಸೋದರನು ಬಂದಾಗ ಅವನಿಂದ ತಾಯಿಯ ವಧೆಯನ್ನು ಮಾಡಿಸುತ್ತಾಳೆ. ಕತ್ತರಿಸಿದ ಕೂದಲು, ಕಪ್ಪು ಉಡುಪು, ಮಿತವಾದ ಮಾತು, ಉರಿಯುವ ಕಣ್ಣು: ಇಷ್ಟರಿಂದಲೇ ಪಪಾಸಳು ಪ್ರೇಕ್ಷಕರನ್ನು ಮಗಳ ಪಕ್ಷಕ್ಕೆ ಸೆಳೆದುಕೊಂಡಳು. ನಾಟಕದಲ್ಲಿ ತಾಯಿಯೂ ತನ್ನ ವಾದವನ್ನು ಹೂಡುತ್ತಾಳೆ: ಪತಿಯು ತನ್ನ ಕುವರಿ ಇಫಿಜೀನಿಯೆಯನ್ನು ಬಲಿಕೊಟ್ಟನೆಂದು. ಎಲೆಕ್ಟ್ರೆಯ ಕಿವಿಗೆ ಅದು ಅಪರಾಧಿಯ ನೆಪದಂತೆ ಮಾತ್ರ ಕೇಳಿಸುವುದು.

1967ರಲ್ಲಿ ಗ್ರೀಸ್ ದೇಶವು ಸೇನಾಧಿಕಾರಿಗಳ ವಶವಾಯಿತು. ಅವರನ್ನು ಬಹಿರಂಗವಾಗಿ ಖಂಡಿಸಿದ ಪಪಾಸಳು ಪರದೇಶವಾಸಿಯಾದಳು. ಎರಡನೆಯ ಚಿತ್ರವಾದ ‘ಟ್ರಾಯ್‌ನ ಸ್ತ್ರೀಯರು’ 1971ರಲ್ಲಿ ಬಂದಿತು. ಅದರ ಚಿತ್ರೀಕರಣವು ನಡೆದುದು ಸ್ಪೇನ್ ದೇಶದಲ್ಲಿ. ಅದರಲ್ಲಿ ಆಕೆಯು ಹೆಲೆನಳು. ಯುದ್ಧಕ್ಕೆಲ್ಲ ಕಾರಣಳೆಂದು ದೂಷಿತಳಾಗಿ, ಪತಿಯ ಮುಂದೆ ಪ್ರಾಣಭಿಕ್ಷೆಗಾಗಿ ವಾದಿಸುವವಳು. ದೂರುವವಳ ಪಾತ್ರದಿಂದ ದೂಷಿತಳ ಪಾತ್ರಕ್ಕೆ ನಟಿಯು ಹೀಗೆ ಸರಿದಳು.

ಮೂರನೆಯದಾದ 1977ರ ‘ಇಫಿಜೀನಿಯಾ’ದಲ್ಲಿ ಆಕೆಯು ಕ್ಲೈಟೆಮ್ನೆಸ್ತ್ರೆಯೇ ಆದಳು! ವೀರ ಅಕಿಲೀಸನೊಡನೆ ವಿವಾಹವೆಂದು ನಂಬಿ ತಾಯಿಯು ಮಗಳನ್ನು ಸೇನಾಶಿಬಿರಕ್ಕೆ ಕರೆತರುತ್ತಾಳೆ. ಅಲ್ಲಿ ಸಿದ್ಧವಾಗಿರುವುದು ಬಲಿಪೀಠ. ಇಂದು ಉಳಿದಿರುವ ನಾಟಕಪಾಠದಲ್ಲಿ ದೇವಿಯು ಕನ್ನಿಕೆಯ ಸ್ಥಾನದಲ್ಲಿ ಜಿಂಕೆಯೊಂದನ್ನು ಇರಿಸಿದಳೆಂಬ ಸಮಾಧಾನವುಂಟು. ಚಿತ್ರದಲ್ಲಿ ಆ ಸಮಾಧಾನವಿಲ್ಲ. ಗಾಳಿಯು ಏಳುತ್ತದೆ, ಹಡಗುಗಳು ಹೊರಡುತ್ತವೆ, ತಾಯಿಯು ಅವುಗಳನ್ನು ದಿಟ್ಟಿಸುತ್ತಾಳೆ. ಮುಂದಣ ಕೊಲೆಯು ಆ ದೃಷ್ಟಿಯಲ್ಲಿಯೇ ಜನಿಸುವುದು.

ಭಾಸನ ‘ಊರುಭಂಗ’ವನ್ನು ಓದಿದವರು ತೊಡೆ ಮುರಿದು ಬಿದ್ದ ದುರ್ಯೋಧನನಿಗಾಗಿಯೂ ಮರುಗುತ್ತಾರೆ, ಅವನ ಅಪರಾಧವನ್ನು ಮರೆತು ಅಲ್ಲ. ಇಲ್ಲಿಯೂ ಪತಿಘಾತವು ಘಾತವಾಗಿಯೇ ಉಳಿಯುವುದು. ಆದರೆ ಹದಿನೈದು ವರ್ಷಗಳ ಹಿಂದೆ ನೆಪವೆಂದು ತಳ್ಳಿಹಾಕಿದ ಮಾತು ಒಬ್ಬ ತಾಯಿಯ ಸತ್ಯವಾಗಿತ್ತೆಂದು, ಅದನ್ನು ಅಂದು ಕೇಳಲೊಲ್ಲದ ಮುಖವೇ ಇಂದು ಸಾರುವುದು.